ಕಾಕಾನ ಬುಧವಾರದ ಹಲಗೆ

ನಮ್ಮ ಕಾಕಾ ಅಕ್ಷರ ಕಲಿಯದೆ ಹೋಗಿದ್ದರೆ ಊರಿನ ಅರ್ಧ ಜನ ನೆಮ್ಮದಿಯಿಂದ ಇರುತ್ತಿದ್ದರು. ಉಳಿದರ್ಧ ಜನಕ್ಕೆ ಓದಲು ಬರುತ್ತಿರಲಿಲ್ಲ. ಅವರು ಮೊದಲಿನಿಂದಲೂ ನೆಮ್ಮದಿಯಿಂದಲೇ ಇದ್ದರು!

ಕಾಕಾ ಎಂದರೆ ನನ್ನ ಅಪ್ಪನ ತಮ್ಮ. ಮದುವೆಯಾಗಲಿಲ್ಲ. ಹೆಣ್ಣು ನೋಡಲು ಹೋದ ಮನೆಯಲ್ಲೆಲ್ಲ ಹೆಣ್ಣಿನ ತಂದೆಗೇ ಸಂಸಾರದ ಬಗ್ಗೆ ನಾಲ್ಕು ಹಿತನುಡಿ ಹೇಳಿ ಬರುತ್ತಿದ್ದನಂತೆ. ಅಂಥವನಿಗೆ ಯಾರು ಹೆಣ್ಣು ಕೊಡುತ್ತಾರೆ? ಹೀಗಾಗಿ ಆ ಹಿತನುಡಿಗಳೆಲ್ಲ ನಮ್ಮ ಪಾಲಿಗೇ ಉಳಿದವು.

ಒಮ್ಮೆ ನಮ್ಮೂರ ಶಾಲೆಗೆ ಹೊಸ ಕರಿಹಲಗೆ ಬಂತು. ಮೂಲೆ ಮುರಿದ ಹಳೆಯದನ್ನು ಕಾಕಾ ಹೊತ್ತು ತಂದು, ನಮ್ಮ ಮನೆಯ ಮುಂಬಾಗಿಲ ಬಾಜೂಕೆ ಗೋಡೆಗೆ ಮೊಳೆ ಹೊಡೆದು ತೂಗುಹಾಕಿದ. ರಸ್ತೆಯ ಆಚೆ ಬೇವಿನ ಮರ, ಅದರ ಸುತ್ತ ಕಟ್ಟೆ. ಸಂಶಿಗೆ ಹೋಗುವ ಬಸ್ಸಿಗೆ ಕಾಯುವವರು ಕೂಡುವುದು ಅಲ್ಲೇ. ಕಾಯದವರು ಕೂಡುವುದೂ ಅಲ್ಲೇ. ಎಲ್ಲರ ಮುಖವೂ ನಮ್ಮ ಬಾಗಿಲ ಕಡೆಗೆ. ಅವರ ಬೆನ್ನ ಹಿಂದೆ ಹಿಟ್ಟಿನ ಗಿರಣಿಯ ಬೋಳು ಗೋಡೆ. ಪ್ರತಿ ಬುಧವಾರ ಬೆಳಿಗ್ಗೆ ಕಾಕಾ ಸ್ನಾನ ಮಾಡಿ, ಹಣೆ ತುಂಬ ವಿಭೂತಿ ಬಳಿದುಕೊಂಡು ಹಲಗೆಯ ಮೇಲೆ ಒಂದು ನುಡಿ ಬರೆಯುತ್ತಿದ್ದ. ಕೆಳಗೆ ‘ಹಿರಿಯರು’ ಎಂದು ಸಹಿ. ಯಾವ ಹಿರಿಯರು ಎಂದು ನಾನು ಒಮ್ಮೆ ಕೇಳಿದ್ದಕ್ಕೆ, ಹಿರಿಯರ ಹೆಸರು ಹಿಡಿದು ಕೇಳಬಾರದು ಎಂದು ನನಗೇ ಬೈದ.

ಬುಧವಾರವೇ ಯಾಕೆ? ಅದಕ್ಕೂ ಲೆಕ್ಕವಿತ್ತು. ಸೋಮವಾರ ಬಸವಣ್ಣನ ವಾರ, ಎತ್ತಿನ ಹೆಗಲಿಗೆ ನೊಗ ತಾಗಿಸುವಂತಿಲ್ಲ. ಮಂಗಳವಾರ ಹೊಸ ಕೆಲಸ ಹಿಡಿಯುವಂತಿಲ್ಲ. ಎರಡು ದಿನ ಕೂತು ಮೈ ಜಡವಾದವರನ್ನು ಎಬ್ಬಿಸಲು ಯಾರಾದರೂ ಬೇಕಲ್ಲ!

“ವಾರ ಅನ್ನೂದು ಬುಧವಾರಕ್ಕ ನಡಾ ಬಿಟ್ಟು ಕುಸೀತದ. ಆಗ ಒಂದು ಮಾತಿನ ಆಸರ ಬೇಕು,” ಎನ್ನುತ್ತಿದ್ದ.

ಸೋಮವಾರದ ನೇಮದಲ್ಲಂತೂ ಕಾಕಾನಷ್ಟು ಕಟ್ಟುನಿಟ್ಟಿನವರು ಊರಲ್ಲೇ ಇರಲಿಲ್ಲ. ಒಂದು ವರ್ಷ ಹಿಂಗಾರಿನಲ್ಲಿ ಮಣ್ಣಿನ ಹದ ಆರಿಹೋಗುತ್ತದೆಂದು ಅಪ್ಪ ಸೋಮವಾರವೇ ಬಿತ್ತನೆಗೆ ಕೂರಿಗೆ ಹೂಡಲು ಹೊರಟ. ಕಾಕಾ ಓಡಿಬಂದು ನೊಗದ ಮೇಲೆ ಕುಳಿತುಬಿಟ್ಟ, ತನ್ನನ್ನು ಮೊದಲು ಹೂಡಿ ಆಮೇಲೆ ಎತ್ತಿನ ಮಾತು ಎಂದ. ಅಪ್ಪನಿಗೆ ಆ ಯೋಚನೆ ಬಾರದೆ ಇರಲಿಲ್ಲ. ಆದರೆ ತಮ್ಮನನ್ನು ಹೂಡಿದರೆ ಸಾಲು ನೆಟ್ಟಗೆ ಬೀಳುವುದಿಲ್ಲ ಎಂದು ಸುಮ್ಮನಾದ.

ಇನ್ನು ಹಲಗೆಯ ಪ್ರತಾಪ. ಪಕ್ಕದ ಮನೆಯವನ ಎತ್ತು ಸತ್ತ ವಾರ ಕಾಕಾ ಬರೆದದ್ದು: ‘ಬಿದ್ದವನೇ ಏಳುತ್ತಾನೆ.’ ಆ ಮನುಷ್ಯ ಹಲಗೆಯ ಮುಂದೆ ನಿಂತು ಓದಿದ, ಇನ್ನೊಮ್ಮೆ ಓದಿದ. ಆಮೇಲೆ ಕಾಕಾನ ರಟ್ಟೆ ಹಿಡಿದು ತನ್ನ ಕೊಟ್ಟಿಗೆಗೆ ಎಳೆದುಕೊಂಡು ಹೋದ.

“ಬರ್ರಿ, ಎಬ್ಬಸ್ರಿ ಅದನ್ನ!”

ಕಾಕಾ ಅಲ್ಲಿಂದ ಬಂದು ಎರಡು ಹೊತ್ತು ಊಟ ಮಾಡಲಿಲ್ಲ. ಹಲಗೆ ಬಿಟ್ಟನೇ? ಬಿಡಲಿಲ್ಲ!

ಇನ್ನೊಂದು ಬುಧವಾರ ಬಸ್ಸು ಯರಗುಪ್ಪಿಯ ಆಚೆ ಎಲ್ಲೋ ಕೆಟ್ಟು ನಿಂತಿತ್ತು. ಜನ ಬಿಸಿಲು ನೆತ್ತಿಗೆ ಬರುವ ತನಕ ಕಾದರು. ಹಲಗೆಯ ಮೇಲೆ ಅಂದು ‘ತಾಳಿದವನು ಬಾಳಿಯಾನು’ ಎಂದಿತ್ತು. ಯಾವ ಪುಣ್ಯಾತ್ಮನೋ ಅದರ ಕೆಳಗೆ ಗೋಡೆಯ ಮೇಲೆ ಇದ್ದಿಲಿನಿಂದ ‘ಸಂಶಿಗೆ ಮಾತ್ರ ಹೋಗಲಾರನು’ ಎಂದು ಬರೆದು ಹೋಗಿದ್ದ. ಕಾಕಾ ಎಷ್ಟು ತೊಳೆದರೂ ಅದು ಅಳಿಸಲಿಲ್ಲ. ಆ ಗೋಡೆಯ ಮೇಲೆ ಬರೆದವುಗಳಲ್ಲಿ ನಿಜವಾದದ್ದು ಅದೊಂದೇ.

ಇಷ್ಟೆಲ್ಲ ನಗುತ್ತ ಹೇಳುತ್ತಿದ್ದೇನೆ. ಆಗ ನನಗೆ ನಗು ಬರುತ್ತಿರಲಿಲ್ಲ. ನನ್ನ ಮದುವೆಯಾದ ಎರಡನೆಯ ವರ್ಷ, ಗಂಡ ಎನ್ನಿಸಿಕೊಂಡವನು ಇನ್ನೊಬ್ಬಳನ್ನು ಮನೆಗೆ ಕರೆತಂದ. ಇಬ್ಬರೂ ಹೊಂದಿಕೊಂಡು ಇರಿ ಎಂದ. ನಾನು ಟ್ರಂಕು ಎತ್ತಿಕೊಂಡು ತವರಿಗೆ ಬಂದೆ. ಬಂದು ಇನ್ನೂ ಎರಡು ವಾರ ಆಗಿರಲಿಲ್ಲ, ಬುಧವಾರ ಬೆಳಿಗ್ಗೆ ಹಲಗೆಯ ಮೇಲೆ ದುಂಡು ಅಕ್ಷರದಲ್ಲಿ: ‘ಗಂಡ ಬಿಟ್ಟರೆ ಗತಿಯಿಲ್ಲ ಎನ್ನಬೇಡ, ತವರಿದೆ, ತಾಳ್ಮೆಯಿದೆ. — ಹಿರಿಯರು.’

ಅಲ್ಲಿಯವರೆಗೆ ನಾನು ಹಬ್ಬಕ್ಕೆ ಬಂದಿದ್ದೇನೆ ಎಂದುಕೊಂಡವರೂ ಇದ್ದರು. ಅವರಿಗೂ ತಿಳಿಯಿತು! ಬಸ್ಸಿನ ಕಂಡಕ್ಟರು ಬಾಗಿಲಲ್ಲಿ ಜೋತುಬಿದ್ದು ಓದಿ ಅಯ್ಯೋ ಪಾಪ ಎಂದನಂತೆ. ಅಲ್ಲಿಗೆ ಸುದ್ದಿ ಟಿಕೆಟಿಲ್ಲದೆ ಸಂಶಿ ಮುಟ್ಟಿತು. ಅದೂ ಅಲ್ಲದೆ, ಗಂಡ ನನ್ನನ್ನು ಬಿಟ್ಟದ್ದಲ್ಲ, ನಾನು ಅವನನ್ನು ಬಿಟ್ಟದ್ದು. ಹಿರಿಯರಿಗೆ ಅಷ್ಟಾದರೂ ಗೊತ್ತಿರಬೇಡವೇ? ನಾನು ಹಸಿ ಅರಿವೆ ತಂದು ಹಲಗೆಯನ್ನು ಉಜ್ಜಿದೆ. ಅವ್ವ, ಇನ್ನೊಮ್ಮೆ ಬರೆದರೆ ಹಲಗೆಯನ್ನು ಒಲೆಗೆ ಹಾಕುತ್ತೇನೆ ಎಂದಳು. ಕಾಕಾನಿಗೆ ಮಾತ್ರ ತಾನು ಮಾಡಿದ್ದೇನು ಎಂದೇ ತಿಳಿಯಲಿಲ್ಲ. ಮಗಳಿಗೆ ಧೈರ್ಯ ಹೇಳುವುದು ತಪ್ಪೇ ಎಂದು ಅಪ್ಪನನ್ನು ಕೇಳುತ್ತಿದ್ದ.

ಅಂದಿನಿಂದ ನನಗೆ ಮುಂಬಾಗಿಲು ಬಂದಾಯಿತು. ನೀರಿಗೆ ಹೋಗುವುದೂ ಹಿತ್ತಲಿಂದ, ಹೊಲಕ್ಕೆ ಹೋಗುವುದೂ ಹಿತ್ತಲಿಂದ. ಆಗಲೇ ಸಂಶಿಯಲ್ಲಿ ಹೊಲಿಗೆ ಕಲಿಸುವ ಅವ್ವನ ನೆಂಟಳೊಬ್ಬಳು ಹೇಳಿಕಳಿಸಿದಳು: ಒಂದು ಮಿಷನ್ನು ಖಾಲಿ ಇದೆ, ಹುಡುಗಿಯನ್ನು ಕಳಿಸಿ. ಹೊಲಿಗೆ ಕಲಿತರೆ ಯಾರ ಮುಂದೂ ಕೈ ಚಾಚಬೇಕಾಗಿಲ್ಲ. ಇದಕ್ಕಿಂತ ದೊಡ್ಡ ಹಿತನುಡಿಯನ್ನು ನಾನು ಈವರೆಗೂ ಓದಿಲ್ಲ. ಆದರೆ ಬಸ್ಸು ಹಿತ್ತಲಿಗೆ ಬರುವುದಿಲ್ಲವಲ್ಲ!

ಒಂದು ಬುಧವಾರ ಹೊರಟೆ. ಹೊಸ್ತಿಲು ದಾಟಿದ್ದೇ ಕಟ್ಟೆಯ ಮೇಲಿನ ಮಾತು ನಿಂತಿತು. ಎಲೆಅಡಿಕೆ ಜಗಿಯುವ ಬಾಯಿಗಳೂ ನಿಂತವು. ಅಷ್ಟೂ ಕಣ್ಣು ನನ್ನ ಕಡೆಗೆ. ಒಬ್ಬ ಮುದುಕ, ಕೆಟ್ಟ ಮನಸ್ಸಿನಿಂದೇನೂ ಅಲ್ಲ, “ಊರಿಗೆ ಯಾವಾಗ ಹೋಗ್ತಿಯವಾ?” ಎಂದು ಕೇಳಿದ. ಊರು ಎಂದರೆ ಗಂಡನ ಊರು. ಹೆಣ್ಣಿಗೆ ಹುಟ್ಟಿದ ಊರು ಊರಲ್ಲವಂತೆ. ನಾನು ತಿರುಗಿ ಒಳಗೆ ಬಂದು ಬಾಗಿಲು ಹಾಕಿಕೊಂಡೆ. ಬಸ್ಸು ಹೋದ ಸದ್ದು ಒಳಗೇ ಕೇಳಿಸಿತು.

ಬರುವ ಬುಧವಾರ ಬಾರದಿದ್ದರೆ ಮಿಷನ್ನು ಬೇರೆಯವರಿಗೆ ಎಂದು ನೆಂಟಳು ಮತ್ತೆ ಹೇಳಿಕಳಿಸಿದಳು. ಕಾಕಾ ನನ್ನ ಪಕ್ಕ ಬಂದು ಕುಳಿತು, ಧೈರ್ಯವೇ ಸರ್ವಸ್ವ ಎಂದು ಏನೋ ಶುರು ಮಾಡಿದ. ನನ್ನ ತಲೆ ಕೆಟ್ಟುಹೋಯಿತು.

“ಕಾಕಾ, ನಿನ್ನ ಮಾತು ನನಗ ಬ್ಯಾಡ. ಆ ಕಣ್ಣು ಅಷ್ಟೂ ಆಕಡೆ ತಿರುಗಸ್ತಿಯೇನು ಹೇಳು. ಆಗೂದಿಲ್ಲಂದ್ರ ಸುಮ್ಮನ ಎದ್ದು ಹೋಗು.”

ಕಾಕಾ ಎದ್ದು ಹೊರಗೆ ಹೋಗಿ ಹಲಗೆಯ ಮುಂದೆ ನಿಂತ.

ಬುಧವಾರ ಬಂತು. ಬೆಳಿಗ್ಗೆಯೇ ಹೊರಗೆ ಗದ್ದಲ. ಯಾರೋ ಕಾಕಾನ ಹೆಸರು ಹಿಡಿದು ಬೈಯುತ್ತಿದ್ದರು. ಬಾಗಿಲ ಸಂದಿಯಿಂದ ನೋಡಿದೆ. ನಮ್ಮ ಗೋಡೆಯ ಮೇಲೆ ಹಲಗೆಯೇ ಇರಲಿಲ್ಲ, ಮೊಳೆ ಮಾತ್ರ ಇತ್ತು. ಹಲಗೆ ಕಟ್ಟೆಯ ಆಚೆ, ಗಿರಣಿಯ ಗೋಡೆಯ ಮೇಲೆ ತೂಗುತ್ತಿತ್ತು. ಅದರ ಮೇಲೆ ಇಲ್ಲಿಗೂ ಕಾಣುವಷ್ಟು ದಪ್ಪ ಅಕ್ಷರ: ‘ಸೋಮವಾರವೂ ಎತ್ತು ಹೂಡಬೇಕು. ಪಾಪವಿಲ್ಲ.’

ಕೆಳಗೆ ಹಿರಿಯರು ಎಂದಿರಲಿಲ್ಲ. ಕಾಕಾ ತನ್ನ ಹೆಸರನ್ನೇ ಬರೆದಿದ್ದ.

ಕಟ್ಟೆ ಖಾಲಿ. ಊರಿನ ಗಂಡಸರೆಲ್ಲ ಗಿರಣಿಯ ಗೋಡೆಗೆ ಮುಖ ಮಾಡಿ ಮುತ್ತಿಕೊಂಡಿದ್ದರು. ನನ್ನನ್ನು ಊರಿಗೆ ಕಳಿಸಲು ಹೊರಟ ಮುದುಕ ಕೋಲು ಎತ್ತಿದ್ದ. ಎತ್ತು ಕಳೆದುಕೊಂಡವನು ಕಾಕಾನ ಅಂಗಿಯ ಎದೆ ಹಿಡಿದಿದ್ದ.

“ಬಸವಣ್ಣನ ವಾರ ಮುರೀತಿಯೇನಲೇ? ಬುದ್ಧಿ ಎಲ್ಲಿ ಇಟ್ಟಿ?”

ಕಾಕಾ ಹಲಗೆಗೆ ಬೆನ್ನು ಹಚ್ಚಿ ನಿಂತಿದ್ದ, ಕೈಯಲ್ಲಿ ಸೀಮೆಸುಣ್ಣದ ಕಡ್ಡಿ. ನಿಧಾನವಾಗಿ, ಬೇಕೆಂದೇ ನಿಧಾನವಾಗಿ, ಒಂದೊಂದು ಬೈಗುಳಕ್ಕೂ ಒಂದೊಂದು ಅಡ್ಡಮಾತು ಕೊಡುತ್ತ ಅವರನ್ನು ಇನ್ನಷ್ಟು ಕೆರಳಿಸುತ್ತಿದ್ದ.

ನಾನು ಮುಂಬಾಗಿಲಿಂದ ಹೊರಗೆ ಬಂದೆ. ಎದುರಿಗೆ ಇದ್ದದ್ದು ಬರೀ ಬೆನ್ನುಗಳು. ರಸ್ತೆಗೆ ಇಳಿದು ನಿಂತೆ. ಬಸ್ಸು ಬಂತು, ಹತ್ತಿದೆ. ಕಿಟಕಿಯಿಂದ ನೋಡಿದೆ. ಅಷ್ಟು ಜನರಲ್ಲಿ ನಮ್ಮ ಬಾಗಿಲ ಕಡೆ ಮುಖ ಮಾಡಿ ನಿಂತವನು ಕಾಕಾ ಒಬ್ಬನೇ. ಬಸ್ಸು ಅಲುಗಿದಾಗ ಅವನು ಕಣ್ಣು ಮುಚ್ಚಿ ಉಸಿರು ಬಿಟ್ಟದ್ದು ಕಾಣಿಸಿತು. ಸಂಶಿಯ ತನಕ ನಾನು ಸೆರಗನ್ನು ಬಾಯಿಗೆ ಒತ್ತಿ ಹಿಡಿದು ಅತ್ತೆ.

ಹಲಗೆ ಮತ್ತೆ ನಮ್ಮ ಗೋಡೆಗೆ ಬರಲಿಲ್ಲ. ಊರವರು ಕಾಕಾನನ್ನು ಬಹಳ ದಿನ ಮಾತಾಡಿಸಲಿಲ್ಲ. ಆ ಬುಧವಾರದ ಮುಂದಿನ ಸೋಮವಾರ ನಾನು ಕೊಟ್ಟಿಗೆಗೆ ಹೋದಾಗ ಕಾಕಾ ಎತ್ತುಗಳ ಮೈ ತೊಳೆದು, ಕೋಡಿಗೆ ಎಣ್ಣೆ ಹಚ್ಚುತ್ತಿದ್ದ. ನಾನು ಬಂದದ್ದು ಅವನಿಗೆ ತಿಳಿದಿರಲಿಲ್ಲ. ಎರಡೂ ಎತ್ತುಗಳ ಹೆಗಲು ಮುಟ್ಟಿ ಕೈಯನ್ನು ಕಣ್ಣಿಗೆ ಒತ್ತಿಕೊಂಡ.

“ತಪ್ಪಾತಪಾ,” ಎಂದ. “ಆವತ್ತ ಬ್ಯಾರೆ ಮಾತು ಹೊಳೀಲಿಲ್ಲ.”