ನಾನು ಕನ್ನಡ ಮಾಡಿದ ಹಿಂದಿ ಸಿನಿಮಾ

ನಮ್ಮ ಮನೆಯ ಕೊನೆಯ ಸಾಮಾನ್ಯ ದಿನ ಒಂದು ಭಾನುವಾರ. ಅದೇ ಕೊನೆಯದು ಎಂದು ಗೊತ್ತಿದ್ದರೆ ಅವತ್ತು ಗಂಡನ ಜೊತೆ ಜಗಳವಾಡುತ್ತಿರಲಿಲ್ಲ ಎಂದು ಬರೆದರೆ ಓದುವವರಿಗೆ ಸಮಾಧಾನವಾಗುತ್ತದೆ. ಆದರೆ ಅದು ಸುಳ್ಳು. ಗೊತ್ತಿದ್ದರೂ ಆಡುತ್ತಿದ್ದೆ. ನಮ್ಮ ಮನೆಯವರನ್ನು ಪಕ್ಕದಲ್ಲಿ ಕೂರಿಸಿಕೊಂಡು ಹಿಂದಿ ಸಿನಿಮಾ ನೋಡಿದ ಯಾರೇ ಆದರೂ ಆಡುತ್ತಿದ್ದರು. ಚಳ್ಳಕೆರೆಯಲ್ಲಿ ಅವರದು ಮೋಟಾರ್ ವೈಂಡಿಂಗ್ ಅಂಗಡಿ. ಸುಟ್ಟುಹೋದ ಬೋರ್‌ವೆಲ್ ಮೋಟಾರಿನ ತಂತಿಯನ್ನೆಲ್ಲ ಬಿಚ್ಚಿ ಹೊಸದಾಗಿ ಸುತ್ತುವ ತಾಳ್ಮೆಯ ಮನುಷ್ಯ, ಭಾನುವಾರ ಟಿವಿ ಮುಂದೆ ಕೂತರೆ ಅರ್ಧ ನಿಮಿಷ ತಾಳುತ್ತಿರಲಿಲ್ಲ. "ಏನಂದ? ಏನಂದ್ಲು?" ಹಿಂದಿ ಒಂದಕ್ಷರ ಬರುತ್ತಿರಲಿಲ್ಲ, ಆದರೆ ಹಿಂದಿ ಸಿನಿಮಾನೇ ಆಗಬೇಕು. ನಾಯಕ ಬರೀ "ಹಾಂ" ಅಂದರೂ "ಏನಂದ?" ಅವತ್ತು ನನಗೆ ರೇಗಿತು. "ಏನೂ ಅನ್ನಲಿಲ್ಲ. ಬಾಯ್ ಮುಚ್ಕೊಂಡು ನೋಡ್ರಿ" ಅಂದೆ. ಅವರು ನಕ್ಕು, ಹುರಿದ ಶೇಂಗಾ ಬಾಯಿಗೆ ಹಾಕಿಕೊಂಡು, ತಮಗೆ ತೋಚಿದ ಕಥೆಯನ್ನು ತಾವೇ ಹೇಳಿಕೊಳ್ಳತೊಡಗಿದರು. ಮರುದಿನ ದೊಡ್ಡಉಳ್ಳಾರ್ತಿ ಕಡೆ ಒಂದು ಮೋಟಾರ್ ನೋಡಲು ಹೋದವರು, ಹೊಲದ ಬದುವಿನ ಮೇಲೆ ಕೂತು ನೀರು ಕೇಳಿದರಂತೆ. ನೀರು ತರುವಷ್ಟರಲ್ಲಿ ಮುಗಿದಿತ್ತು. ಅವರಿಗೆ ನಲವತ್ತನಾಲ್ಕು ವರ್ಷ.

ನನಗೆ ಹಿಂದಿ ಬಂದದ್ದು ನನ್ನ ತಪ್ಪಲ್ಲ. ತಳಕಿನ ಹೈಸ್ಕೂಲಿನಲ್ಲಿ ನಮಗೊಬ್ಬರು ಹಿಂದಿ ಮೇಷ್ಟ್ರು ಇದ್ದರು. ಹುಡುಗಿಯರಿಂದ ಮೂರು ಮೂರು ಹಿಂದಿ ಪರೀಕ್ಷೆ ಕಟ್ಟಿಸಿದ್ದರು, ಪಾಸಾದವಳು ನಾನೊಬ್ಬಳೇ. ಆ ಹಿಂದಿ ಎಂಥದ್ದೆಂದರೆ, ಇತ್ತೀಚೆಗೆ ಊರಾಚೆಯ ಕಾವಲಿನ ಹುಲ್ಲುಗಾವಲಿಗೆ ಬಂದಿರುವ ದೊಡ್ಡ ಸಂಸ್ಥೆಗಳ ಒಬ್ಬ ಉತ್ತರದ ಅಧಿಕಾರಿಯ ಹೆಂಡತಿ, ಸೀರೆಗೆ ಕುಚ್ಚು ಕಟ್ಟಿಸಲು ನಮ್ಮ ಮನೆಗೆ ಬಂದಾಗ, ನಾನು "ಕೃಪಯಾ ಆಸನ ಗ್ರಹಣ ಕೀಜಿಯೇ" ಎಂದೆ. ಆಕೆ ಕೂರುವ ಬದಲು ಬಾಗಿಲು ಹಿಡಿದುಕೊಂಡು ನಕ್ಕಳು. ಅಂಥ ಹಿಂದಿ. ಆದರೂ ಮನೆಯಲ್ಲಿ ಅದಕ್ಕೆ ಬೆಲೆ ಇತ್ತು. ಗಂಡನಿಗೂ ಅತ್ತೆಗೂ ಟಿವಿಯವರ ಮಾತನ್ನು ಕನ್ನಡ ಮಾಡುವುದು ನನ್ನ ಕೆಲಸ. ಸಂಬಳವಿಲ್ಲದ ಕೆಲಸಕ್ಕೆ ರಜವೂ ಇರುವುದಿಲ್ಲ ಎಂದು ಆಮೇಲೆ ಗೊತ್ತಾಯಿತು.

ಅವರು ಹೋದ ಮೇಲೆ ನನಗೆ ದುಃಖ ಬರುತ್ತದೆ ಎಂದು ಎಲ್ಲರೂ ಕಾದರು. ಬಂತು. ಆದರೆ ಅದಕ್ಕಿಂತ ಹೆಚ್ಚಾಗಿ ಸಿಟ್ಟು ಬಂತು, ಆ ಸಿಟ್ಟಿಗೆ ಯಾರೂ ಸಿದ್ಧರಿರಲಿಲ್ಲ. ಹದಿನಾರು ವರ್ಷ ಬಾಯಿಬಿಟ್ಟು ಹೇಳದ ಗಂಡನ ಹೆಸರನ್ನು ಅರ್ಜಿಗಳಲ್ಲಿ ಬರೆದೂ ಬರೆದೂ ಈಗ ನನಗೆ ರೂಢಿಯಾಗಿದೆ: ತಿಪ್ಪೇಸ್ವಾಮಿ, ತಿಪ್ಪೇಸ್ವಾಮಿ, ಮೂರು ಪ್ರತಿಗಳಲ್ಲಿ ತಿಪ್ಪೇಸ್ವಾಮಿ. ನಾನು ಮೊಳಕಾಲ್ಮೂರಿನ ರೇಷ್ಮೆ ಸೀರೆಗಳಿಗೆ ಫಾಲ್ಸ್ ಹೊಲಿದು ಕುಚ್ಚು ಕಟ್ಟುವವಳು. ವರ್ಷಗಳಿಂದ ಕಟ್ಟಿಸುತ್ತಿದ್ದ ಒಬ್ಬ ಹೆಂಗಸು ಮಗಳ ಮದುವೆಯ ಒಂಬತ್ತು ಸೀರೆ ತಂದಳು. ಎಂಟನ್ನು ನನ್ನ ಮುಂದಿಟ್ಟು, ಒಂಬತ್ತನೆಯದನ್ನು ಚೀಲದಲ್ಲೇ ಒತ್ತಿಟ್ಟುಕೊಂಡಳು. "ಇದು ಧಾರೆ ಸೀರೆ ಕಣಮ್ಮ. ನೀನು ಬೇಜಾರು ಮಾಡ್ಕೋಬೇಡ." ಬೇಜಾರು ಮಾಡಿಕೊಳ್ಳಲಿಲ್ಲ. ಎಂಟಕ್ಕೂ ಗಂಟು ಎಷ್ಟು ಬಿಗಿಯಾಗಿ ಹಾಕಿದೆನೆಂದರೆ ಆ ಕುಚ್ಚು ಬಿಚ್ಚಬೇಕಾದರೆ ಸೀರೆಯನ್ನೇ ಕತ್ತರಿಸಬೇಕು. ಇನ್ನು ವಿಧವಾ ವೇತನದ ಅರ್ಜಿ. ಮರುಮದುವೆ ಆಗಿಲ್ಲವೆಂದು ಅದರಲ್ಲಿ ಬರೆದುಕೊಡಬೇಕು. ಆ ವಿಷಯದಲ್ಲಿ ಇಡೀ ಚಳ್ಳಕೆರೆಯಲ್ಲಿ ನನ್ನ ಬಾಯಿಂದ ಉತ್ತರ ಕೇಳಿದ್ದು ಆ ಕಾಗದ ಒಂದೇ. ಅದೂ ಆಗಿದ್ದೀಯಾ ಎಂದು ಕೇಳಿತೇ ಹೊರತು, ಆಗುತ್ತೀಯಾ ಎಂದಲ್ಲ.

ಹನ್ನೊಂದನೇ ತಿಂಗಳಲ್ಲಿ ಮೊಳಕಾಲ್ಮೂರಿನಿಂದ ಸರೋಜಕ್ಕ ಬಂದಳು. ನಮ್ಮ ಮನೆಯವರ ಅಕ್ಕ. ಬಂದವಳೇ ಕೈಕಾಲು ತೊಳೆಯುವ ಮುಂಚೆ ರಿಮೋಟ್ ಹುಡುಕಿದಳು. "ಎರಡು ಗಂಟೆಗೆ ಒಂದು ಪಿಕ್ಚರ್ ಐತೆ. ಭಾರಿ ಚೆನ್ನಾಗೈತಂತೆ. ಫ್ಯಾಮಿಲಿ ಪಿಕ್ಚರು. ನೀನು ನೋಡ್ಲೇಬೇಕು ರತ್ನಾ." ಸರೋಜಕ್ಕನಿಗೂ ಹಿಂದಿ ಬಾರದು. ನನ್ನ ಅತ್ತೆ ಬೋರಮ್ಮನವರಿಗೂ ಬಾರದು, ಬಿ.ಜಿ. ಕೆರೆಯಲ್ಲಿ ಹುಟ್ಟಿದ ಅವರಿಗೆ ಕನ್ನಡ, ಸಿಟ್ಟು ಬಂದಾಗ ತೆಲುಗು. ಇಬ್ಬರೂ ನನ್ನ ಎಡಬಲಕ್ಕೆ ಕೂತರು. ಸರೋಜಕ್ಕನಿಗೇಕೆ ಇಷ್ಟು ಆತುರ ಎಂದು ಸಿನಿಮಾ ಶುರುವಾದ ಕಾಲು ಗಂಟೆಯವರೆಗೂ ನನಗೆ ಹೊಳೆಯಲಿಲ್ಲ. ನಾಯಕಿಯ ಗಂಡ ಒಂದು ಹಾಡಿನಲ್ಲಿ ಕಾರು ಹತ್ತಿದ, ಹಾಡು ಮುಗಿಯುವಷ್ಟರಲ್ಲಿ ಗೋಡೆಯ ಮೇಲೆ ಫೋಟೋ ಆದ. ಆಗ ಹೊಳೆಯಿತು. ಇದು ವಿಧವೆಗೆ ಮರುಮದುವೆ ಮಾಡುವ ಸಿನಿಮಾ. ನನ್ನ ಮನಸ್ಸು ತಿರುಗಿಸಲು ತಂದ ಸಿನಿಮಾ. ಅದನ್ನು ಈ ಇಬ್ಬರಿಗೂ ಅರ್ಥ ಮಾಡಿಸಬೇಕಾದವಳು ನಾನೇ! ಹರಕೆಯ ಕುರಿಯ ಕೈಗೇ ಮಂತ್ರದ ಪುಸ್ತಕ ಕೊಟ್ಟು ಗಟ್ಟಿಯಾಗಿ ಓದು ಅಂದ ಹಾಗೆ.

ಮೊದಲು ಸಿಟ್ಟು ಬಂದದ್ದು ಆ ನಾಯಕಿಯ ಸೀರೆ ನೋಡಿ. ಬಿಳಿ ಸೀರೆ, ಒಂದು ಸುಕ್ಕಿಲ್ಲ. ಗಂಡ ಸತ್ತ ವಾರದಲ್ಲಿ ಇಸ್ತ್ರಿ ಮಾಡಲು ಕೈ ಬಂದವರು ಯಾರೋ. ಪಡಿತರ ಚೀಟಿಯಿಂದ ಅವನ ಹೆಸರು ತೆಗೆಸಲು ಅವಳು ಎಲ್ಲೂ ಹೋಗಲಿಲ್ಲ. ಅವನ ಚಪ್ಪಲಿಯನ್ನು ಏನು ಮಾಡುವುದೆಂದು ಅವಳು ತಲೆ ಕೆಡಿಸಿಕೊಳ್ಳಲಿಲ್ಲ, ಏಕೆಂದರೆ ಆ ಮನೆಯಲ್ಲಿ ಚಪ್ಪಲಿಯೇ ಕಾಣಲಿಲ್ಲ. ಅವನು ಎಂಥವನು, ಏನು ತಿನ್ನುತ್ತಿದ್ದ, ಯಾವುದಕ್ಕೆ ನಗುತ್ತಿದ್ದ, ಒಬ್ಬರೂ ಒಂದು ಮಾತು ಆಡಲಿಲ್ಲ. ಫೋಟೋಗೆ ಹಾರ ಹಾಕಿದ್ದೇ ಎಲ್ಲರಿಗೂ ಅವನ ಕೆಲಸ ಮುಗಿಯಿತು. ಅಷ್ಟರಲ್ಲಿ ಮೆಟ್ಟಿಲಿಳಿದು ಬಂದ ಮಾವ, ಒಡವೆ ಪೆಟ್ಟಿಗೆ ಎದೆಗವಚಿಕೊಂಡು, ಸೊಸೆಯ ಬಾಳು ಇಲ್ಲಿಗೇ ನಿಲ್ಲಬಾರದು ಎಂದು ಉದ್ದ ಭಾಷಣ ಮಾಡಿ ಗಳಗಳ ಅತ್ತ.

"ಏನಂತಾನೆ?" ಅಂದಳು ಸರೋಜಕ್ಕ, ಆಗಲೇ ಸೆರಗು ಕಣ್ಣಿಗೆ ಒತ್ತಿಕೊಂಡು.

"ಗ್ಯಾಸ್ ಸಿಲಿಂಡರ್ ಮುಗಿದೈತಂತೆ" ಅಂದೆ.

ಅತ್ತೆ ಟಿವಿಯ ಕಡೆಗೇ ನೋಡುತ್ತ ಹೇಳಿದರು: "ಸಿಲಿಂಡ್ರು ಮುಗ್ದಿದ್ದಕ್ಕೆ ಇಷ್ಟು ಅಳ್ತಾನೇನೆ? ಅಷ್ಟು ದೊಡ್ಡ ಮನೆ ಐತೆ, ಇನ್ನೊಂದು ತಂದಿಟ್ಕಂಬಾರ್ದಾ?"

"ಆ ಹುಡುಗಿ ಅತ್ತೆ ಕೂಗಾಡ್ತಾಳಲ್ಲ, ಅವಳೇನಂತಾಳೆ?" ಸರೋಜಕ್ಕ.

"ಅದನ್ನೇ. ಮೊದ್ಲೇ ಬುಕ್ ಮಾಡ್ಬೇಕಿತ್ತು ಅಂತ."

ಸುಳ್ಳು ಹೇಳುವುದು ಇಷ್ಟು ಹಗುರ ಎಂದು ನನಗೆ ಗೊತ್ತಿರಲಿಲ್ಲ. ಹಿಂದಿ ಮೇಷ್ಟ್ರು ಕೇಳಿದ್ದರೆ ಮೂರೂ ಪರೀಕ್ಷೆಯ ಸರ್ಟಿಫಿಕೇಟ್ ವಾಪಸ್ ತೆಗೆದುಕೊಳ್ಳುತ್ತಿದ್ದರು. ಆದರೆ ಕಥೆ ನನ್ನ ಹಿಡಿತದಲ್ಲಿ ಹೆಚ್ಚು ಹೊತ್ತು ಉಳಿಯಲಿಲ್ಲ. ಕೆಂಪು ಅಂಗಿಯ ಒಬ್ಬ ಬಾಗಿಲಲ್ಲಿ ಬಂದು ನಿಂತ.

"ಇವನ್ಯಾರು?" ಅತ್ತೆ ಕೇಳಿದರು.

"ಸಿಲಿಂಡರ್ ತಂದೋನು."

"ಸಿಲಿಂಡ್ರು ಎಲ್ಲಿ?"

"ಕೆಳಗೆ ಇಟ್ಟು ಬಂದವ್ನೆ."

ಅವನು ನೆಟ್ಟಗೆ ಹೋಗಿ ನಾಯಕಿಯ ಕೈ ಹಿಡಿದ. ಅತ್ತೆ ನನ್ನ ಕಡೆ ಪೂರ್ತಿ ತಿರುಗಿದರು. "ರತ್ನಾ, ನಿಂಗೆ ಹಿಂದಿ ಬರ್ತೈತೆ, ಸರಿ. ನಂಗೆ ಕಣ್ಣು ಕಾಣ್ತೈತೆ. ಇದು ಸೀರುಡಿಕೆ ಕತೆ."

ಸರೋಜಕ್ಕ ಹೌಹಾರಿದಳು. "ಅವ್ವಾ! ಆ ಮಾತು ಆಡ್ಬೇಡ, ಪಕ್ಕದ ಮನೇರು ಕೇಳಿಸ್ಕಂತಾರೆ. ಇದಕ್ಕೆ ಪುನರ್ವಿವಾಹ ಅಂತಾರೆ."

"ಗಂಡ ಸತ್ತೋಳಿಗೆ ಇನ್ನೊಬ್ಬನು ಸೀರೆ ಉಡಿಸಿ ಕರ್ಕಂಡು ಹೋಗೋದು. ಎರಡಕ್ಕೂ ಏನೇ ಫರಕು?"

"ಅದು ಹಳ್ಳೀದು. ಇದು ಡೀಸೆಂಟು."

"ಡೀಸೆಂಟಂತೆ!" ಅತ್ತೆ ಎಲೆಯಡಿಕೆ ಚೀಲ ಬದಿಗಿಟ್ಟರು. "ನಮ್ಮ ಚಿಕ್ಕವ್ವಂಗೆ ಮಾಡಿದ್ದು ನಾನೇ ಕಂಡಿದೀನಿ. ವಾಲಗ ಇಲ್ಲ, ಚಪ್ಪರ ಇಲ್ಲ. ಹಿರೇರು ನಾಲ್ಕು ಜನ ಕೂತ್ಕಂಡು, ಸೀರೆ ಅವಳ ಮಡ್ಲಿಗೆ ಹಾಕೋ ಮುಂಚೆ ಮೂರು ಸಲ ಕೇಳಿದ್ರು. 'ನಿಂಗೆ ಒಪ್ಪಿಗೆ ಐತೇನವ್ವಾ?' ಎರಡು ಸಲ ನಮ್ಮ ಚಿಕ್ಕವ್ವ ತುಟಿ ಬಿಚ್ಚಲಿಲ್ಲ. ಮೂರನೇ ಸಲ 'ಹೂಂ' ಅಂದ್ಲು. ಅನ್ನದೇ ಹೋಗಿದ್ರೆ ಸೀರೆ ಬಂದ ದಾರೀಲೇ ವಾಪಸ್. ಆಮೇಲೆ ಶುಭಕಾರ್ಯದಾಗೆ ಅವಳನ್ನ ಮುಂದೆ ಬಿಡ್ತಿರ್ಲಿಲ್ಲ, ಅದೂ ಸುಳ್ಳಲ್ಲ. ಆದ್ರೆ ಕೇಳಿದ್ರು. ಈ ಪಿಕ್ಚರ್‌ನಾಗೆ ಆ ಹುಡುಗೀನ ಯಾರಾದ್ರೂ ಕೇಳಿದ್ರಾ? ನಿಜ ಹೇಳು. ಸಿಲಿಂಡ್ರು ಅನ್ಬೇಡ."

ಸಿನಿಮಾದಲ್ಲಿ ಅಲ್ಲಿಯವರೆಗೆ ನಡೆದದ್ದನ್ನೆಲ್ಲ ನೆನಪಿಸಿಕೊಂಡೆ. ಮಾವ ಅತ್ತೆಯನ್ನು ಕೇಳಿದ್ದ, ಅತ್ತೆ ದೇವರನ್ನು ಕೇಳಿದ್ದಳು, ದೇವರ ಗಂಟೆ ತಾನಾಗಿ ಬಾರಿಸಿತ್ತು. ಕೆಂಪು ಅಂಗಿಯವನು ಅವರಪ್ಪನನ್ನು ಕೇಳಿದ್ದ. ಎಲ್ಲರೂ ಎಲ್ಲರನ್ನೂ ಕೇಳಿದ್ದರು. ಆ ಹುಡುಗಿ ಕಂಬ ಹಿಡಿದುಕೊಂಡು ಅಳುತ್ತಿದ್ದಳು, ಅಷ್ಟೇ. "ಇಲ್ಲ ಅತ್ತೆ, ಕೇಳ್ಲಿಲ್ಲ" ಅಂದೆ.

ಇನ್ನು ಮುಚ್ಚಿಟ್ಟು ಪ್ರಯೋಜನವಿಲ್ಲ ಎಂದುಕೊಂಡಳೋ ಏನೋ, ಸರೋಜಕ್ಕ ಒಂದೇ ಉಸಿರಿಗೆ ಎಲ್ಲ ಹೇಳಿದಳು. ಅವಳ ಗಂಡನ ಚಿಕ್ಕಪ್ಪನ ಮಗ ಮೊಳಕಾಲ್ಮೂರಿನಲ್ಲೇ ಇದ್ದಾನೆ. ಹೆಂಡತಿ ತೀರಿಕೊಂಡು ಐದು ತಿಂಗಳು. ಒಳ್ಳೆಯವನು, ಕುಡಿಯುವುದಿಲ್ಲ. ತಾಯಿಗೆ ಲಕ್ವ ಹೊಡೆದಿದೆ, ಹಾಸಿಗೆ ಬಿಟ್ಟು ಏಳುವುದಿಲ್ಲ, ಮನೆಯಲ್ಲಿ ಹೆಣ್ಣು ದಿಕ್ಕಿಲ್ಲ. "ನಿಂಗೂ ಮಕ್ಳಿಲ್ಲ. ಮುಂದಿನ ಸೋಮವಾರ ನೋಡೋಕೆ ಬರ್ರಿ ಅಂತ ಅವ್ರಿಗೆ ಹೇಳಿಬಿಟ್ಟೀನಿ."

ಹೇಳಿಬಿಟ್ಟಿದ್ದಾಳಂತೆ! ಐದು ತಿಂಗಳ ಹಿಂದೆ ಹೆಂಡತಿಯನ್ನು ಕಳೆದುಕೊಂಡ ಗಂಡಸಿಗೆ ಸಿನಿಮಾ ತೋರಿಸಿ ಒಪ್ಪಿಸುವ ಕಷ್ಟ ಯಾರಿಗೂ ಬಂದಿರಲಿಲ್ಲ. ಕಂಬ ಹಿಡಿದು ಅಳು ಎಂದು ಅವನಿಗೆ ಯಾರೂ ಹೇಳಿರಲಿಲ್ಲ. ನಾನು ಮೆತ್ತಗೆ ಮಾತಾಡುವವಳು ಎಂದು ಬೀದಿಯಲ್ಲಿ ಹೆಸರು. ಅವತ್ತು ಆ ಹೆಸರು ಹೋಯಿತು.

"ಅಕ್ಕಾ, ಅವ್ರಿಗೆ ಬೇಕಿರೋದು ಹೆಂಡ್ತೀನಾ, ಅವ್ರವ್ವನ ಬೆಡ್‌ಪ್ಯಾನ್ ತೆಗೆಯೋರಾ? ನನ್ನ ಒಂದ್ ಮಾತು ಕೇಳಿದ್ರಾ? ಹೋಗ್ಲಿ, ನಿಮ್ಮ ತಮ್ಮ ಸತ್ತು ಹನ್ನೊಂದು ತಿಂಗ್ಳಾಯ್ತು. ಬಂದಾಗೆಲ್ಲ ಪಿಂಚಣಿ ಬಂತಾ, ಅಂಗಡಿ ಬಾಡಿಗೆ ಬಂತಾ ಅಂತೀರಿ. ಒಂದಿನಾನಾದ್ರೂ ಅವ್ರ ಹೆಸರು ಎತ್ತಿದ್ರಾ? ಆ ಪಿಕ್ಚರ್ನೋರೂ ಅಷ್ಟೇ, ನೀವೂ ಅಷ್ಟೇ!"

ಸರೋಜಕ್ಕ ರಿಮೋಟ್ ಕೆಳಗಿಟ್ಟಳು. "ಎತ್ತಿದ್ರೆ ನೀನು ಅಳ್ತೀಯ ಅಂತ ಎತ್ತಲಿಲ್ಲ ಕಣೆ" ಅಂದಳು. ಆಮೇಲೆ, "ನನ್ನ ಸೊಂಟದ ಮೇಲೆ ಬೆಳೆದೋನು ಅವ್ನು" ಅಂದವಳು ಅತ್ತೇಬಿಟ್ಟಳು. ಇದು ಸಿನಿಮಾಕ್ಕೆ ಅತ್ತ ಅಳು ಅಲ್ಲ. ಮೂಗಿನಲ್ಲೂ ನೀರು ಸುರಿಯುವ, ನೋಡಲು ಚೆನ್ನಾಗಿರದ ಅಳು. ನನಗೆ ಅವಳ ಮೇಲೆ ಇನ್ನಷ್ಟು ಸಿಟ್ಟು ಬಂತು, ಏಕೆಂದರೆ ಈಗ ಬೈಯಲು ಆಗುವುದಿಲ್ಲ. ಟಿವಿಯಲ್ಲಿ ಮದುವೆಯ ಬ್ಯಾಂಡು ಶುರುವಾಗಿತ್ತು. ಅತ್ತೆ ಎದ್ದು ಹೋಗಿ ಸ್ವಿಚ್ ಆರಿಸಿದರು.

"ಸೋಮವಾರ ಯಾರೂ ಬರೋದು ಬೇಡ ಅಂತ ಫೋನ್ ಮಾಡು" ಎಂದು ಮಗಳಿಗೆ ಹೇಳಿ, ನನ್ನೆದುರು ಕೂತರು. "ಮೊಳಕಾಲ್ಮೂರಿನೋನ ಮಾತು ಬಿಡು. ಯಾರೋ ಒಬ್ಬ. ನಾಳೆಯೋ, ಮುಂದಿನ ವರ್ಷವೋ. ಈ ಮನೇಗೆ ಹಿರೇಳು ಅಂದ್ರೆ ನಾನೇ, ಅದಕ್ಕೆ ನಾನು ಕೇಳ್ತೀನಿ. ಇನ್ನೊಂದು ಮದುವೆಗೆ ನಿಂಗೆ ಒಪ್ಪಿಗೆ ಐತೇನವ್ವಾ? ಚೆಪ್ಪವೇ, ಹೇಳೇ."

ತಮ್ಮ ಮಗನ ಹೆಂಡತಿಯನ್ನು ಹೀಗೆ ಕೇಳಬೇಕಾದರೆ ಆ ಮುದುಕಿಗೆ ಎಷ್ಟು ಕಷ್ಟವಾಗಿರಬೇಕು ಎಂದು ನಾನು ಯೋಚಿಸಿದ್ದು ಆಮೇಲೆ. ಆ ಹೊತ್ತಿನಲ್ಲಿ ನನಗೆ ಕನ್ನಡವೂ ಬರಲಿಲ್ಲ, ಹಿಂದಿಯೂ ಬರಲಿಲ್ಲ. ಯಾರೂ ಕೇಳಲಿಲ್ಲ, ಯಾರೂ ಕೇಳಲಿಲ್ಲ ಎಂದು ಹನ್ನೊಂದು ತಿಂಗಳಿಂದ ಕುದಿಯುತ್ತಿದ್ದವಳು ಬಾಯಿ ತೆರೆದು ಹಾಗೇ ಕೂತೆ. ಅತ್ತೆ ಎಲೆಯಡಿಕೆ ಚೀಲ ಎಳೆದುಕೊಂಡರು. "ಅವಸರ ಇಲ್ಲ. ಇನ್ನೂ ಎರಡು ಸಲ ಐತೆ."

ಇದಾಗಿ ನಾಲ್ಕು ತಿಂಗಳು. ಹೋದ ವಾರ ಅಂಗಳದಲ್ಲಿ ಮೆಣಸಿನಕಾಯಿ ಒಣಹಾಕುವಾಗ ಎರಡನೇ ಸಲ ಕೇಳಿದರು. ಆಗಲೂ ನಾನು ಹೂಂ ಅನ್ನಲಿಲ್ಲ, ಊಹೂಂ ಅನ್ನಲಿಲ್ಲ. ಕಣ್ಣಿಗೆ ಖಾರ ಬಿತ್ತು ಎಂದು ಒಳಗೆ ಹೋದೆ. ಉಳಿದಿರುವುದು ಒಂದೇ ಸಲ. ಸಿಟ್ಟು ಇದ್ದಾಗ ಎಷ್ಟು ಅನುಕೂಲವಿತ್ತು. ಎಲ್ಲ ತಪ್ಪೂ ಬೇರೆಯವರದಾಗಿತ್ತು. ಈಗ ತೀರ್ಮಾನ ನನ್ನದು, ನನಗೋ ಒಬ್ಬಳೇ ತೀರ್ಮಾನ ಮಾಡಿ ಅಭ್ಯಾಸವಿಲ್ಲ. ಹುಣಸೆಹಣ್ಣು ಎಷ್ಟು ಕೊಳ್ಳಲಿ ಎನ್ನುವುದರಿಂದ ಹಿಡಿದು ತಂಗಿಯ ಗಂಡನ ಜೊತೆ ಮಾತು ಬಿಡಲೋ ಬೇಡವೋ ಎನ್ನುವವರೆಗೆ ಎಲ್ಲವನ್ನೂ ನಾನು ಒಬ್ಬರನ್ನೇ ಕೇಳುತ್ತಿದ್ದೆ. ಅವರು ಹೇಳಿದ್ದಕ್ಕೆ ಉಲ್ಟಾ ಮಾಡುತ್ತಿದ್ದೆ, ಅದು ಬೇರೆ ವಿಷಯ, ಆದರೆ ಕೇಳುತ್ತಿದ್ದೆ. ಎರಡನೇ ಮದುವೆ ಆಗಲೋ ಬೇಡವೋ ಎಂದು ಕೇಳೋಣವೆಂದರೆ, ಅವರಿಲ್ಲ.