ಗುಂಡ್ಲುಪೇಟೆಯಿಂದ ಬಂದವರು

ಇದು ಹೀಗೆಯೇ ನಡೆಯಿತೆಂದು ನಾನು ಪ್ರಮಾಣ ಮಾಡಲಾರೆ. ತೊಂಬತ್ತರ ದಶಕದ ಮಾತು. ಮೊದಲು ಬಂದವರು ಪಂಚೆ ಉಟ್ಟಿದ್ದರೆಂದು ನನ್ನ ನೆನಪು. ಪ್ಯಾಂಟು ಎನ್ನುತ್ತಾಳೆ ತಂಗಿ. ಎಂ.ಎ. ಓದುವಾಗ ಎಲ್ಲವನ್ನೂ ಅನುಮಾನಿಸಲು ಕಲಿತವನು ನಾನು. ಈಗ ನನ್ನ ನೆನಪನ್ನೂ ಬಿಡುವುದಿಲ್ಲ. ಅನುಮಾನಪಡಲೇಬೇಕಿದ್ದ ಎರಡು ದಿನ ಮಾತ್ರ ಕಣ್ಣು ಮುಚ್ಚಿ ನಂಬಿಬಿಟ್ಟೆ!

ಗುಂಡ್ಲುಪೇಟೆಯ ಸರ್ಕಾರಿ ಕಚೇರಿಯೊಂದರಲ್ಲಿ ಗುಮಾಸ್ತರಾಗಿದ್ದ ಅಪ್ಪ ಸೇವೆಯಲ್ಲಿರುವಾಗಲೇ ತೀರಿಕೊಂಡರು. ಹರದನಹಳ್ಳಿಯ ಮನೆಯಲ್ಲಿ ಉಳಿದದ್ದು ಅವ್ವ, ತಂಗಿ ಮಾದೇವಿ ಮತ್ತು ಕೆಲಸವಿಲ್ಲದ ನಾನು. ಅನುಕಂಪದ ಆಧಾರದ ಮೇಲೆ ನೌಕರಿ ಕೊಡಿ ಎಂದು ಅರ್ಜಿ ಹಾಕಿದೆ. ಅದು ತಪ್ಪಿದರೆ ಬೇರೆ ದಾರಿಯಿರಲಿಲ್ಲ.

"ಸಂಸಾರ ನಿಜವಾಗ್ಲೂ ಕಷ್ಟದಲ್ಲಿದೆಯಾ ಅಂತ ನೋಡೋಕೆ ಯಾರಾದ್ರೂ ಬರ್ತಾರೆ" ಎಂದರು ಕಚೇರಿಯಲ್ಲಿ. ಯಾರು, ಯಾವಾಗ ಎಂದು ಹೇಳಲಿಲ್ಲ. ನನ್ನ ಅನುಮಾನಕ್ಕೆ ಹಬ್ಬ! ಬಳೆ ಮಾರುವವನು, ಕರೆಂಟಿನ ಮೀಟರ್ ನೋಡುವವನು, ಎಲ್ಲರೂ ಸರ್ಕಾರದ ಗೂಢಚಾರರಾಗಿ ಕಂಡರು. ಟೀವಿಯನ್ನು ಪಕ್ಕದ ಶಿವಣ್ಣನ ಮನೆಗೆ ಸಾಗಿಸಿದೆ.

ಸಾವಾದ ವರ್ಷದೊಳಗೇ ಮನೆಯ ಹೆಣ್ಣಿನ ಮದುವೆ ಮಾಡಿಬಿಡಬೇಕೆಂದು ಅವ್ವ ಅದೇ ಹೊತ್ತಿಗೆ ಮಾದೇವಿಗೆ ಗಂಡು ಹುಡುಕುತ್ತಿದ್ದಳು. ನಾನು ಅದಕ್ಕೆ ತಲೆ ಹಾಕಿರಲಿಲ್ಲ.

ಅವ್ವ ಸಂತೆಮರಹಳ್ಳಿ ಸಂತೆಗೆ ಹೋಗಿದ್ದ ದಿನ ಒಬ್ಬ ಹಿರಿಯರು ಬಂದರು. "ಗುಂಡ್ಲುಪೇಟೆಯಿಂದ ಬಂದೆ ಕಣಪ್ಪ. ಮನೆಕಡೆ ಎಂಗೆ ಏನು ಅಂತ ನೋಡ್ಕಂಡು ಓಗನ ಅಂತ."

ಇವರೇ! ತಗ್ಗುಬಿದ್ದ ಚೊಂಬಿನಲ್ಲಿ ನೀರು ಕೊಟ್ಟೆ.

"ಮನೇಲಿ ಚಿನ್ನ ಗಿನ್ನ?"

"ಗುಲಗಂಜಿಯಷ್ಟೂ ಇಲ್ಲ ಸ್ವಾಮಿ."

"ನಿಮ್ ತಂಗಿ?"

"ಹೊಟ್ಟೆಗಿಲ್ಲದೆ ಆಗಾಗ ತಲೆ ಸುತ್ತಿ ಬೀಳ್ತಾಳೆ."

ಅಡುಗೆಮನೆಯಲ್ಲಿ ಪಾತ್ರೆಯೊಂದು ಧಡಾರೆಂದಿತು. ಹಿರಿಯರು ನೀರನ್ನೂ ಪೂರ್ತಿ ಕುಡಿಯದೆ ಎದ್ದುಹೋದರು.

ಸಂಜೆ ಅವ್ವ ಬೀದಿಯಿಂದಲೇ ಕೂಗುತ್ತ ಬಂದಳು. "ಏನ್ಲಾ ಮಾಡ್ಬುಟ್ಟೆ ಮನೆಹಾಳ! ಅವ್ರು ಗಂಡಿನ ಸೋದರಮಾವ ಕಣ್ಲಾ! ಬಸ್‌ಸ್ಟಾಂಡಲ್ಲಿ ಸಿಕ್ಕಿ, ರೋಗದ ಎಣ್ಣು ನಮ್ಗೆ ಬ್ಯಾಡ ಅಂದ್ಬುಟ್ರು!"

"ನಿನ್ನ ಎಂ.ಎ.ಗೆ ಬೆಂಕಿ ಬೀಳ!" ಎಂದಳು ಮಾದೇವಿ, ಒಂದು ಸಲವೂ ತಲೆ ಸುತ್ತಿ ಬೀಳದೆ.

ತಪ್ಪನ್ನು ಸರಿಪಡಿಸುವ ಸಂಪೂರ್ಣ ಹೊಣೆಯನ್ನು ನಾನೇ ವಹಿಸಿಕೊಂಡೆ. ಅಪಾಯ ಶುರುವಾದದ್ದೇ ಅಲ್ಲಿ. ಗಂಡಿನ ಕಡೆಯವರಿಗೆ ಹೇಳಿಕಳಿಸಿ, ಇನ್ನೊಮ್ಮೆ ಬಂದು ನೋಡಿ ಎಂದು ಬೇಡಿಕೊಂಡೆ. ಟೀವಿಯನ್ನು ವಾಪಸ್ ತಂದೆ. ಶಿವಣ್ಣನ ಜೋಡೆತ್ತನ್ನೂ ಕೇಳಿ ತಂದು ನಮ್ಮ ಬಾಗಿಲಿಗೆ ಕಟ್ಟಿದೆ.

ಕೆಲವು ದಿನಗಳಲ್ಲೇ ಕನ್ನಡಕದವರೊಬ್ಬರು ಬಂದರು. "ಗುಂಡ್ಲುಪೇಟೆಯಿಂದ ಬಂದಿದ್ದೀನಿ. ಮನೆ ಪರಿಸ್ಥಿತಿ ನೋಡ್ಬೇಕಿತ್ತು."

"ಬನ್ನಿ, ಬನ್ನಿ!" ಕಾಫಿ ಬಂತು, ನಿಪ್ಪಟ್ಟು ಬಂತು. ಟೀವಿ ಹಾಕಿದೆ. ಎತ್ತು ತೋರಿಸಿದೆ. ಅವರು ಸುಮ್ಮನೆ ತಲೆಯಾಡಿಸುತ್ತಿದ್ದರು. ಮೆಚ್ಚುಗೆ ಎಂದುಕೊಂಡೆ.

"ಕಷ್ಟ ಏನೂ ಇಲ್ವೇನಪ್ಪ?"

"ಕಷ್ಟವೇ? ನಮಗೇ? ಅಪ್ಪನ ಕೆಲಸ ನನಗೆ ಆದ ಹಾಗೇ ಸಾರ್. ಅನುಕಂಪದ ಕೆಲಸ ಅಂತ ಹಗುರವಾಗಿ ನೋಡ್ಬೇಡಿ. ಇಲಾಖಾ ಪರೀಕ್ಷೆ ಪಾಸಾದ್ರೆ, ಸೇವಾ ಹಿರಿತನದ ಪ್ರಕಾರ ಬಡ್ತಿ ಮೇಲೆ ಬಡ್ತಿ. ಅಲ್ಲಿಯ ಸೂಪರಿಂಟೆಂಡೆಂಟ್ ಕುರ್ಚಿ ನನ್ನದೇ ಅಂದ್ಕೊಳ್ಳಿ!"

ಅವರು ನಿಪ್ಪಟ್ಟನ್ನು ತಟ್ಟೆಯಲ್ಲಿಟ್ಟರು.

"ಈಗ ಆ ಕುರ್ಚೀಲಿ ಕೂತಿರೋನು ನಾನೇ ಕಣಪ್ಪ. ಹೊಸದಾಗಿ ವರ್ಗವಾಗಿ ಬಂದಿದ್ದೀನಿ."

ಟೀವಿ ಆರಿಸಲು ಓಡಿದೆ. ಗಾಬರಿಯಲ್ಲಿ ಶಬ್ದ ಇನ್ನೂ ಜೋರಾಯಿತು. ಅಷ್ಟರಲ್ಲಿ ಶಿವಣ್ಣ ಬಂದು, "ಲೇ, ಒತ್ತಾಯ್ತು, ನನ್ನೆತ್ತು ಬುಡ್ಲಾ, ಉಳಬೇಕು" ಎಂದ. ಅವ್ವ ಗೋಡೆಗೊರಗಿ ಕೂತು ಸೆರಗಿನಲ್ಲಿ ಮುಖ ಮುಚ್ಚಿಕೊಂಡಳು. ಆಗ ಮಾತ್ರ ನನಗೆ ಹಾಸ್ಯವೇನೂ ಕಾಣಲಿಲ್ಲ.

ಮಾದೇವಿಗೆ ಚಾಮರಾಜನಗರದಲ್ಲಿ ಬೇರೆ ಸಂಬಂಧ ಕೂಡಿತು. ನನ್ನನ್ನು ಮಾತಾಡದಂತೆ ಕೂರಿಸಿದ್ದರು. ಆಶ್ಚರ್ಯವೆಂದರೆ, ನೌಕರಿಯ ಆದೇಶವೂ ಬಂತು! ಮಾದಪ್ಪನ ದಯೆ ಎಂದಳು ಅವ್ವ. ನಾನು ನಂಬಲಿಲ್ಲ. ಇದರಲ್ಲಿ ಏನೋ ಇದೆ ಎಂದು ವರ್ಷಗಟ್ಟಲೆ ಕೊರಗಿದೆ.

ಕೊನೆಗೆ, ನಿವೃತ್ತರಾಗಿದ್ದ ಆ ಸೂಪರಿಂಟೆಂಡೆಂಟರ ಮನೆಗೇ ಹೋಗಿ ಕೇಳಿ ಖಾತ್ರಿ ಮಾಡಿಕೊಂಡೆ. ನನ್ನ ನೆನಪಿನಲ್ಲಿ ಅನುಮಾನವಿಲ್ಲದ ಸಂಗತಿ ಇದೊಂದೇ. ಅವರೆಂದರು: "ಟೀವಿ, ಎತ್ತು ನೋಡಿ ಬೇಡ ಅಂತಲೇ ಇದ್ದೆ. ಆಮೇಲೆ ನಿಮ್ಮ ತಾಯಿ ಮುಖ ನೋಡ್ದೆ. ಇನ್ಮುಂದೆ ಈ ಸಂಸಾರ ನಿನ್ನ ಬುದ್ಧಿ ನಂಬ್ಕೊಂಡು ಬದುಕಬೇಕಲ್ಲ ಅನ್ನಿಸ್ತು. ಇದಕ್ಕಿಂತ ಕಷ್ಟ ಇನ್ನೇನು ಬೇಕು ಅಂತ ಶಿಫಾರಸು ಮಾಡ್ಬಿಟ್ಟೆ."