ಕಾತ್ರಜದ ನಮ್ಮ ಗೋದಾಮು

ಬಸ್ ನಿಲ್ಲುವ ಜಾಗದ ಹತ್ತಿರ ಮನೆ ಮಾಡಬೇಡಿ. ಮಾಡಿದರೂ ನೆಂಟರಿಗೆ ಹೇಳಬೇಡಿ. ನಾನು ಎರಡೂ ತಪ್ಪು ಮಾಡಿ ಕೂತಿದ್ದೇನೆ. ಪುಣೆಯಿಂದ ಬೆಳಗಾವಿ ಕಡೆ ಹೊರಟ ನಮ್ಮವರೆಲ್ಲ ಕಾತ್ರಜದಲ್ಲಿ ಬಸ್ ಹತ್ತುತ್ತಾರೆ. ಬಸ್ಸಿನಲ್ಲಿ ಹಿಡಿಸದ್ದೆಲ್ಲ ನಮ್ಮ ಮನೆಯಲ್ಲಿ ಹಿಡಿಸುತ್ತದೆ ಎಂದು ಅವರ ನಂಬಿಕೆ. ಗಾದಿ, ಅದನ್ನು ಹಾಸುವ ಕಾಟು, ಟ್ರಂಕು, ಕೂಲರ್, ಗ್ಯಾಸಿನ ಒಲೆ, ಯಾವನೋ ಭಜನೆ ಬಿಟ್ಟವನ ಹಾರ್ಮೋನಿಯಂ. ನಾನು ಬಚ್ಚಲಿಗೆ ಹೋಗುವುದೂ ಅಡ್ಡಡ್ಡವಾಗಿ. ನನ್ನ ಹೊಟ್ಟೆಗೆ ಅಡ್ಡ ತಿರುಗಿದರೂ ಉಪಯೋಗವಿಲ್ಲ.

ಇದೆಲ್ಲ ಸಹಿಸಿದ್ದೆ. ಆದರೆ ಮಗಳು ಈ ಸಲ ಹತ್ತನೆಯ ಇಯತ್ತೆ. ಅವಳ ಟೇಬಲ್ ಹಾಕಲು ಜಾಗವಿಲ್ಲದೆ ಅದು ಕಾಟಿನ ಹಿಂದೆ ಕಾಲು ಮೇಲೆ ಮಾಡಿಕೊಂಡು ನಿಂತಿದೆ. ಹುಡುಗಿ ಅಡುಗೆಮನೆಯ ನೆಲದ ಮೇಲೆ, ಅವರಮ್ಮನ ಒಗ್ಗರಣೆಯ ಸಿಡಿತ ತಪ್ಪಿಸಿಕೊಳ್ಳುತ್ತ ಗಣಿತ ಮಾಡುತ್ತಾಳೆ. ಪೂರ್ವಪರೀಕ್ಷೆಯಲ್ಲಿ ಗಣಿತ ಕೈಕೊಟ್ಟಿತು.

ಹೆಚ್ಚಿನ ಸಾಮಾನು ಅಕ್ಕನ ಮಗ ನಿಂಗಪ್ಪನದು. ಕೆಲಸ ಬಿಟ್ಟು ಗೋಕಾಕಕ್ಕೆ ಹೋಗುವಾಗ ತಂದಿಟ್ಟವನು, ಈಗ ಮತ್ತೆ ಪುಣೆಗೆ ಬಂದು ದೇಹೂ ರೋಡಿನಲ್ಲಿ ರೂಮು ಮಾಡಿದ್ದಾನೆ. ಕೇಳಿದಾಗೆಲ್ಲ ಮುಂದಿನ ತಿಂಗಳು ಅನ್ನುತ್ತಾನೆ. ಈ ಸಲ ನಾನು ಫೋನಿನಲ್ಲಿ ದಾಕ್ಷಿಣ್ಯ ನೋಡಲಿಲ್ಲ. "ರವಿವಾರ ಬಂದು ಎಲ್ಲಾ ಒಯ್ಯಿ. ಒಂದ್ ಮೊಳಿನೂ ಬಿಡಬ್ಯಾಡ" ಅಂದೆ.

ಪುಣ್ಯಾತ್ಮ ಟೆಂಪೋ ತಂದೇಬಿಟ್ಟ. ಕಾಟು, ಟ್ರಂಕು, ಕೂಲರ್ ಎಲ್ಲ ಕೆಳಗಿಳಿದವು. ನಡುಮನೆಯಲ್ಲಿ ನಾನು ಎದೆಯುಬ್ಬಿಸಿ ನೆಟ್ಟಗೆ ನಡೆದೆ. ಅಷ್ಟರಲ್ಲಿ ಅವನು ಟೇಬಲ್ಲಿಗೂ ಕೈ ಹಾಕಿದ. ಅದು ನಮ್ಮದು ಅಂತ ಗದರಿಸಿದೆ.

"ಅವಂದ ಅದ ರೀ," ಅಂದಳು ಹೆಂಡತಿ ಶೋಭಾ, ಮೆಲ್ಲಗೆ. "ಕಾಟಿನ ಸಂಗಟ ತಂದಿದ್ದ. ನಾವು ನಮ್ಮದು ನಮ್ಮದು ಅಂದು ಮರ್ತೀವಿ."

ಮಗಳು ಪುಸ್ತಕ ಎದೆಗೊತ್ತಿಕೊಂಡು ಬಾಗಿಲಲ್ಲಿ ನಿಂತಿದ್ದಳು. ನಾನು ದನಿ ಬದಲಿಸಿ, ಪರೀಕ್ಷೆ ಮುಗಿಯುವವರೆಗೆ ಟೇಬಲ್ ಇರಲಪ್ಪಾ ಅಂದೆ. ನಿಂಗಪ್ಪ ತಲೆ ಕೆರೆದುಕೊಂಡ.

"ಇರಲ್ರಿ ಮಾಮಾ. ಆದ್ರ ನನ್ನ ರೂಮು ಭಾಳ ಸಣ್ಣದ ಅದ. ಕಾಟೂ ಟ್ರಂಕೂ ಇಲ್ಲೇ ಇರಲೇನ್ರಿ?"

ಟೇಬಲ್ ಬೇಡಿದವನು ಏನು ಅಂದಾನು? ಕಾಟಿನ ಒಂದು ತುದಿ ಹಿಡಿದು ಮೂರನೆಯ ಮಹಡಿಗೆ ಏದುಸಿರು ಬಿಡುತ್ತ ಹತ್ತಿದವನು ನಾನೇ. ಅಷ್ಟರಲ್ಲಿ ಮಗಳು ಕಿಟಕಿಯ ಪಕ್ಕ ಟೇಬಲ್ ಹಾಕಿಕೊಂಡು ಲೆಕ್ಕಕ್ಕೆ ಕೂತಿದ್ದಳು. ಅವಳನ್ನು ಎಬ್ಬಿಸುವ ಧೈರ್ಯ ಯಾರಿಗಿದೆ? ಕಾಟು ಬಾಗಿಲಿಗೆ ಅಡ್ಡವಾಗಿ ನಿಂತಿತು, ಟ್ರಂಕು ಅದರ ಕೆಳಗೆ.

ಕೆಳಗೆ ಟೆಂಪೋದಲ್ಲಿ ಉಳಿದದ್ದು ಕೂಲರ್ ಒಂದೇ. ನಿಂಗಪ್ಪ ಹೊರಟ. ಬೆವರು ಒರೆಸಿಕೊಳ್ಳುತ್ತಿದ್ದ ನನ್ನ ಬಾಯಿಂದ ಮಾತು ತಾನಾಗಿ ಬಿತ್ತು: "ನಿಂಗಪ್ಪಾ, ಬ್ಯಾಸಿಗಿ ಬಂತು. ಅದೊಂದ್ಯಾಕ ಒಯ್ತಿ?"

ಶೋಭಾ ನನ್ನ ಮುಖ ನೋಡಿದಳು. ನಾನು ಕೂಲರಿನ ಇನ್ನೊಂದು ತುದಿ ಯಾರು ಹಿಡಿಯುತ್ತಾರೆ ಅಂತ ನೋಡಿದೆ.